ಒ.ಸಿ. ಇಲ್ಲದ ಕಟ್ಟಡಕ್ಕೆ ಕರೆಂಟ್: ಜೆಸ್ಕಾಂ ಆಗಲ್ಲ ಅಂದಾಗ ಹಿಡಿಯಬೇಕಾದ ದಾರಿ

ಬಳ್ಳಾರಿ, ಕೊಪ್ಪಳ, ರಾಯಚೂರು ಜಿಲ್ಲೆಗಳಲ್ಲಿ ಒ.ಸಿ. (ಕಟ್ಟಡ ವಾಸಕ್ಕೆ ಸಿದ್ಧ ಎಂದು ಸ್ಥಳೀಯ ಸಂಸ್ಥೆ ಕೊಡುವ ಸ್ವಾಧೀನಾನುಭವ ಪತ್ರ) ಇಲ್ಲವೆಂದು ಹೊಸ ಮನೆಗೆ ಮೀಟರ್ ಸಿಗದಿದ್ದಾಗ ಜನ ಮೊದಲು ಈ ಭಾಗದ ವಿದ್ಯುತ್ ಕಂಪನಿ ಜೆಸ್ಕಾಂನ ಸೆಕ್ಷನ್ ಆಫೀಸಿಗೆ ಅಲೆಯುತ್ತಾರೆ, ಬೇಸತ್ತ ಮೇಲೆ ವಕೀಲರ ಬಾಗಿಲಿಗೆ ಹೋಗುತ್ತಾರೆ. ಇವೆರಡರ ನಡುವೆ ಆಗಬೇಕಾದ ಕೆಲಸವೊಂದು ತಪ್ಪಿಹೋಗುತ್ತದೆ. ಅದು ನಿರಾಕರಣೆಯನ್ನು ಕಾಗದದ ಮೇಲೆ ಪಡೆಯುವುದು. 'ಆಗಂಗಿಲ್ಲ ಹೋಗ್ರಿ' ಎಂಬ ಬಾಯಿಮಾತನ್ನು ಯಾವ ವೇದಿಕೆಯಲ್ಲೂ ಪ್ರಶ್ನಿಸಲು ಬರುವುದಿಲ್ಲ. ಕಾರಣ ಬರೆದ ಹಿಂಬರಹ (ಕಚೇರಿಯ ಲಿಖಿತ ಉತ್ತರ) ಕೈಯಲ್ಲಿದ್ದರೆ ಅರ್ಧ ದಾರಿ ಸಾಗಿದಂತೆ. ಎಷ್ಟೋ ಸಲ ಆ ಹಿಂಬರಹ ಬರೆಯಲು ಕೂತಾಗಲೇ ಅಧಿಕಾರಿಗೆ ತನ್ನ ಆಕ್ಷೇಪಣೆಗೆ ನಿಯಮದ ಬಲವಿಲ್ಲ ಎಂದು ಗೊತ್ತಾಗುತ್ತದೆ.

ಕಾನೂನು ಈಗ ಎಲ್ಲಿ ನಿಂತಿದೆ

ವಿದ್ಯುತ್ ಕಾಯ್ದೆ 2003ರ ಸೆಕ್ಷನ್ 43ರ ಪ್ರಕಾರ, ಯಾವುದೇ ಜಾಗದ ಮಾಲೀಕ ಅಥವಾ ಅನುಭವದಾರ ಕೇಳಿದರೆ ಒಂದು ತಿಂಗಳೊಳಗೆ ವಿದ್ಯುತ್ ಕೊಡಬೇಕು. ಹೊಸದಾಗಿ ಲೈನ್ ಎಳೆಯಬೇಕಿದ್ದರೆ ಆ ಕೆಲಸಕ್ಕೆ ಬೇಕಾದ ಹೆಚ್ಚಿನ ಸಮಯ ಸಿಗುತ್ತದೆ. ತಪ್ಪಿದರೆ ದಿನಕ್ಕೆ 1000 ರೂ. ವರೆಗೆ ದಂಡ ವಿಧಿಸಲು ಅವಕಾಶವಿದೆ. 2020ರ ಗ್ರಾಹಕರ ಹಕ್ಕುಗಳ ನಿಯಮಾವಳಿಗೆ 2024ರಲ್ಲಿ ಬಂದ ತಿದ್ದುಪಡಿ ಈ ಗಡುವನ್ನು ಇನ್ನೂ ಇಳಿಸಿತು: ಪಟ್ಟಣ ಪ್ರದೇಶದಲ್ಲಿ 7 ದಿನ, ಹಳ್ಳಿಯಲ್ಲಿ 15 ದಿನ.

ಅರ್ಜಿದಾರರು ಇಷ್ಟನ್ನು ಓದಿ ಗೆದ್ದೆವು ಅಂದುಕೊಳ್ಳುತ್ತಾರೆ. ಅದೇ ಸೆಕ್ಷನ್ನಿನಲ್ಲಿ ಒಂದು ವಿವರಣೆ ಇದೆ. ಅರ್ಜಿ ಎಂದರೆ ಎಲ್ಲ ರೀತಿಯಲ್ಲೂ ಪೂರ್ಣವಾದ ಅರ್ಜಿ. ಶುಲ್ಕ ಕಟ್ಟಿದ್ದಕ್ಕೂ ಇತರ ನಿಬಂಧನೆಗಳನ್ನು ಪಾಲಿಸಿದ್ದಕ್ಕೂ ದಾಖಲೆ ಇರಬೇಕು. ಅನಧಿಕೃತ ಕಟ್ಟಡದ ಜಗಳವೆಲ್ಲ ಈ 'ಇತರ ನಿಬಂಧನೆ' ಎಂಬ ಮಾತಿನ ಸುತ್ತಲೇ ನಡೆಯುತ್ತದೆ.

ಸುಪ್ರೀಂ ಕೋರ್ಟಿನ ಎರಡು ತೀರ್ಪುಗಳನ್ನು ಬೇರೆಬೇರೆಯಾಗಿ ಅರ್ಥಮಾಡಿಕೊಳ್ಳಬೇಕು. 2022ರ ಮೇ ತಿಂಗಳ ದಿಲೀಪ್ ವಿರುದ್ಧ ಸತೀಶ್ ಪ್ರಕರಣದಲ್ಲಿ ಕೋರ್ಟ್, ವಿದ್ಯುತ್ ಮೂಲಭೂತ ಸೌಕರ್ಯ; ಮನೆ ಮಾಲೀಕ ಒಪ್ಪಿಗೆ ಪತ್ರ ಕೊಡಲಿಲ್ಲ ಎಂದು ಬಾಡಿಗೆದಾರನಿಗೆ ಅದನ್ನು ನಿರಾಕರಿಸುವಂತಿಲ್ಲ; ಅರ್ಜಿದಾರ ಆ ಜಾಗದಲ್ಲಿ ಇದ್ದಾನೆಯೇ ಎಂಬುದನ್ನಷ್ಟೇ ಕಂಪನಿ ನೋಡಬೇಕು ಎಂದಿತು. 2024ರ ಡಿಸೆಂಬರ್ 17ರಂದು ರಾಜೇಂದ್ರ ಕುಮಾರ್ ಬಡಜಾತ್ಯಾ ಪ್ರಕರಣದಲ್ಲಿ ಅದೇ ಕೋರ್ಟು, ಕಾಮಗಾರಿ ಪೂರ್ಣಗೊಂಡ ಪತ್ರ ಅಥವಾ ಸ್ವಾಧೀನಾನುಭವ ಪತ್ರ ತೋರಿಸಿದ ಮೇಲಷ್ಟೇ ಕಟ್ಟಡಕ್ಕೆ ವಿದ್ಯುತ್, ನೀರು, ಒಳಚರಂಡಿ ಸಂಪರ್ಕ ಕೊಡಬೇಕು ಎಂದು ದೇಶಕ್ಕೆಲ್ಲ ಅನ್ವಯವಾಗುವಂತೆ ನಿರ್ದೇಶಿಸಿತು. ತಪ್ಪಾಗಿ ಪತ್ರ ಕೊಟ್ಟ ಅಧಿಕಾರಿಯ ಮೇಲೆ ಇಲಾಖಾ ಕ್ರಮ ಆಗಬೇಕು ಎಂದೂ ಅದರಲ್ಲಿದೆ. ಇದರ ಬೆನ್ನಿಗೆ 2025ರಲ್ಲಿ ಕರ್ನಾಟಕ ವಿದ್ಯುಚ್ಛಕ್ತಿ ನಿಯಂತ್ರಣ ಆಯೋಗದ ಸೂಚನೆ ಬಂತು, ಎಸ್ಕಾಂಗಳು (ಜೆಸ್ಕಾಂನಂಥ ವಿದ್ಯುತ್ ಸರಬರಾಜು ಕಂಪನಿಗಳು) ಒ.ಸಿ. ಕೇಳತೊಡಗಿದವು. ನಿಮ್ಮ ಸೆಕ್ಷನ್ ಆಫೀಸರ್ ಸಹಿ ಹಾಕಲು ಹೆದರುವುದು ಸುಮ್ಮನೆ ಅಲ್ಲ. ಅವರ ಪಾಲಿಗೆ ಇದು ನೌಕರಿಯ ಪ್ರಶ್ನೆ.

ನಮ್ಮ ಅಭಿಪ್ರಾಯ ಹೀಗಿದೆ: ಮೊದಲೇ ಇರುವ ಕಟ್ಟಡದ ಬಾಡಿಗೆದಾರ, ಅಣ್ಣತಮ್ಮಂದಿರ ಪಾಲಿನ ಜಗಳದಲ್ಲಿ ಸಿಕ್ಕವರು, ಹಳೆಯ ಮನೆಯ ಅನುಭವದಾರ, ಇವರಿಗೆ 2022ರ ತೀರ್ಪು ಗಟ್ಟಿ ಆಧಾರ. ನಕ್ಷೆ ಮಂಜೂರಾತಿಯೇ ಇಲ್ಲದೆ ಎಬ್ಬಿಸಿದ ಹೊಸ ನಾಲ್ಕಂತಸ್ತಿನ ಕಟ್ಟಡಕ್ಕೆ ಅದೇ ತೀರ್ಪು ಹಿಡಿದುಕೊಂಡು ಹೋದರೆ ಫಲ ಕಡಿಮೆ. ಅಲ್ಲಿ 2024ರದೇ ಮೇಲಾಗುತ್ತದೆ. 2023ರ ಮೇ 19ರ ಕೆ.ಸಿ. ನೈನಾನ್ ತೀರ್ಪು ಕೂಡ ಸೆಕ್ಷನ್ 43ರ ಹೊಣೆ ಷರತ್ತಿಲ್ಲದ್ದೇನಲ್ಲ ಎಂದಿದೆ.

ಸಣ್ಣ ಮನೆಗಳ ವಿಷಯ ಬೇರೆ. 1200 ಚದರಡಿವರೆಗಿನ ನಿವೇಶನದ ವಾಸದ ಕಟ್ಟಡಗಳಿಗೆ ಒ.ಸಿ.ಯಿಂದ ವಿನಾಯಿತಿ ಕೊಡಲು ರಾಜ್ಯ ಸರ್ಕಾರ 2025ರಲ್ಲಿ ಮುಂದಾಯಿತು. ಇಂಥ ಮನೆ ನಿಮ್ಮದಾಗಿದ್ದರೆ ಪತ್ರಿಕೆಯ ಕತ್ತರಿಕೆ ಹಿಡಿದುಕೊಂಡು ಹೋಗಬೇಡಿ. ನಿಮ್ಮ ಪಾಲಿಕೆ ಅಥವಾ ನಗರಸಭೆಗೆ ಅನ್ವಯಿಸುವ ಆದೇಶದ ಸಂಖ್ಯೆ ಮತ್ತು ದಿನಾಂಕ ಕೇಳಿ, ಪ್ರತಿ ಪಡೆದು ಅರ್ಜಿಗೆ ಲಗತ್ತಿಸಿ. ನಿವೇಶನ 30X40 ಇದ್ದರೂ ನೆಲಮಹಡಿಯಲ್ಲಿ ಮಳಿಗೆ ಕಟ್ಟಿದ್ದರೆ ಅದು ವಾಸದ ಕಟ್ಟಡವಾಗಿ ಉಳಿಯುವುದಿಲ್ಲ. ಬಹಳ ಅರ್ಜಿಗಳು ಬೀಳುವುದು ಇಲ್ಲೇ.

ತಡೆ ಯಾವುದು, ಮೊದಲು ಗುರುತಿಸಿ

'ಅನಧಿಕೃತ' ಎಂಬ ಒಂದೇ ಮಾತಿನ ಹಿಂದೆ ಹಲವು ತಡೆಗಳಿರುತ್ತವೆ. ಪ್ರತಿಯೊಂದಕ್ಕೂ ಪರಿಹಾರದ ಬಾಗಿಲು ಬೇರೆ.

ಜಮೀನಿನದೇ ತೊಂದರೆ ಇರಬಹುದು. ಹೊಲವನ್ನು ಎನ್.ಎ. (ಕೃಷಿಯೇತರ ಬಳಕೆಗೆ ಪರಿವರ್ತನೆ) ಮಾಡಿಸದೆ ಸೈಟುಗಳಾಗಿ ಮಾರಿದ ಬಡಾವಣೆಗಳು ಸಿಂಧನೂರು, ಗಂಗಾವತಿ, ಸಿರುಗುಪ್ಪದ ಸುತ್ತ ಸಾಕಷ್ಟಿವೆ. ಅಂಥಲ್ಲಿ ಬಾಂಡ್ ಪೇಪರಿನ ಕರಾರು ಬಿಟ್ಟರೆ ಕೊಳ್ಳುವವರ ಕೈಯಲ್ಲಿ ಏನೂ ಇರುವುದಿಲ್ಲ. ಭೂ ಕಂದಾಯ ಕಾಯ್ದೆಯ ಸೆಕ್ಷನ್ 95ರ ಪರಿವರ್ತನೆ ಆಗಿದೆಯೇ, ಹಳ್ಳಿಯಾದರೆ ಇ-ಸ್ವತ್ತಿನ ನಮೂನೆ 9 ಮತ್ತು 11, ಪಟ್ಟಣವಾದರೆ ಇ-ಆಸ್ತಿ ಖಾತೆ ಇದೆಯೇ ನೋಡಿ. ಪಟ್ಟಣಗಳಲ್ಲಿ 2025ರಿಂದ ಅನಧಿಕೃತ ಸ್ವತ್ತುಗಳಿಗೆ ಬಿ ಖಾತಾ ಕೊಡುತ್ತಿದ್ದಾರೆ. ಬಿ ಖಾತಾ ನಿಮ್ಮ ಸ್ವತ್ತನ್ನು ತೆರಿಗೆ ಪುಸ್ತಕಕ್ಕೆ ಏರಿಸುತ್ತದೆ, ಅನುಭವಕ್ಕೆ ಒಳ್ಳೆಯ ಸಾಕ್ಷಿಯಾಗುತ್ತದೆ. ಕಟ್ಟಡವನ್ನು ಅಧಿಕೃತ ಮಾಡುವುದಿಲ್ಲ. ತೆರಿಗೆ ರಸೀದಿಯೂ ಅಷ್ಟೇ. 'ಟ್ಯಾಕ್ಸ್ ಕಟ್ಟೀವಿ, ಯಾಕ ಕೊಡಂಗಿಲ್ಲ' ಎಂಬ ವಾದ ಕೋರ್ಟಿನಲ್ಲಿ ನಿಂತಿದ್ದು ಅಪರೂಪ.

ಸರ್ಕಾರಿ ಜಾಗದಲ್ಲಿ ಮನೆ ಕಟ್ಟಿಕೊಂಡವರು ತಹಶೀಲ್ದಾರರ ಕಚೇರಿಯಲ್ಲಿ ಭೂ ಕಂದಾಯ ಕಾಯ್ದೆಯ ಸೆಕ್ಷನ್ 94ಸಿ ಅಡಿ, ಪಟ್ಟಣದವರಾದರೆ 94ಸಿಸಿ ಅಡಿ, ಸಕ್ರಮಕ್ಕೆ ಅರ್ಜಿ ಹಾಕಿದ್ದರೆ ಅದರ ಸ್ವೀಕೃತಿಯನ್ನು ಜೋಪಾನ ಮಾಡಿ. ಹಕ್ಕುಪತ್ರ ಬಂದಿದ್ದರೆ ಅದೇ ಮುಖ್ಯ ದಾಖಲೆ. ನಗರಗಳ ಕಟ್ಟಡ ಉಲ್ಲಂಘನೆ ಸಕ್ರಮ ಮಾಡುವ ಯೋಜನೆಗೆ 2017ರಲ್ಲಿ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ಆ ಯೋಜನೆ ತೋರಿಸಿ 'ಸಕ್ರಮ ಮಾಡಿಸಿ ಕೊಡ್ತೀನಿ' ಎಂದು ದುಡ್ಡು ಕೇಳುವ ಮಧ್ಯವರ್ತಿಯನ್ನು ಬಾಗಿಲಲ್ಲೇ ನಿಲ್ಲಿಸಿ.

ಕಟ್ಟಡದ್ದೇ ತಡೆ ಇರಬಹುದು: ಪರವಾನಗಿ ಇಲ್ಲ, ಇದ್ದರೂ ನಕ್ಷೆ ಮೀರಿ ಕಟ್ಟಿದ್ದಾರೆ. ಆಗ ಕೆಲಸ ಜೆಸ್ಕಾಂನಲ್ಲಿಲ್ಲ. ಬಳ್ಳಾರಿಯಾದರೆ ಮಹಾನಗರ ಪಾಲಿಕೆ, ಕೊಪ್ಪಳ, ಗಂಗಾವತಿ, ಸಿಂಧನೂರಿನಂಥ ಕಡೆ ನಗರಸಭೆ, ಹಳ್ಳಿಯಲ್ಲಿ ಪಂಚಾಯಿತಿಗೆ ಹೋಗಬೇಕು. ಆನೆಗೊಂದಿ, ಸಣಾಪುರದ ಕಡೆಯಾದರೆ ಹಂಪಿ ವಿಶ್ವ ಪರಂಪರೆ ಪ್ರದೇಶ ನಿರ್ವಹಣಾ ಪ್ರಾಧಿಕಾರದ ಅನುಮತಿಯೂ ಬೇಕು. ವಿರೂಪಾಪುರ ಗಡ್ಡೆಯ ರೆಸಾರ್ಟುಗಳ ಗತಿ ಏನಾಯಿತೆಂದು ಆ ಭಾಗದವರಿಗೆ ಹೇಳಬೇಕಿಲ್ಲ. 2020ರ ಫೆಬ್ರುವರಿಯಲ್ಲಿ ಸುಪ್ರೀಂ ಕೋರ್ಟ್ ತೆರವಿನ ಆದೇಶ ಎತ್ತಿಹಿಡಿಯಿತು, ಮುಂದಿನ ತಿಂಗಳೇ ಜೆಸಿಬಿ ಬಂತು. ಅಂಥ ವಲಯದಲ್ಲಿ ಮೀಟರ್ ಸಿಕ್ಕಿದ್ದನ್ನೇ ಅನುಮತಿ ಎಂದು ತಿಳಿದು ಬಂಡವಾಳ ಹಾಕಬಾರದು.

ಲೈನಿನ ತಡೆಯನ್ನು ಜನ ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ಆದರೆ ಅದು ಸುರಕ್ಷತೆಯ ನಿಯಮ, ಕೋರ್ಟೂ ಸಡಿಲಿಸುವುದಿಲ್ಲ. ಮನೆಗಳ ನಡುವೆ ಹೋಗುವ ಎಲ್‌ಟಿ (ಕಡಿಮೆ ವೋಲ್ಟೇಜಿನ) ತಂತಿ ಮಾಳಿಗೆಯಿಂದ ಮೇಲಕ್ಕೆ 2.5 ಮೀಟರ್, ಗೋಡೆ ಅಥವಾ ಬಾಲ್ಕನಿಯಿಂದ ಪಕ್ಕಕ್ಕೆ 1.2 ಮೀಟರ್ ದೂರ ಇರಬೇಕು. 11 ಕೆ.ವಿ. ಲೈನಾದರೆ ಮೇಲಕ್ಕೆ 3.7 ಮೀಟರ್, ಪಕ್ಕಕ್ಕೆ 1.2 ಮೀಟರ್. 33 ಕೆ.ವಿ.ಗೆ ಪಕ್ಕದ ದೂರ 2 ಮೀಟರ್. ಮೊದಲ ಮಹಡಿಗೆ ಸಾಕಾಗಿದ್ದ ಅಂತರ ಎರಡನೇ ಮಹಡಿಯ ಬಾಲ್ಕನಿ ಚಾಚಿದ ದಿನ ಸಾಲದಾಗುತ್ತದೆ. ಆಗ ಲೈನ್ ಸ್ಥಳಾಂತರಕ್ಕೆ ಅಂದಾಜುಪಟ್ಟಿ ಕೇಳಿ, ಖರ್ಚು ನೀವೇ ಕಟ್ಟಬೇಕು. ಕಂಬದ ಹತ್ತಿರ ಹೋಗಿ ಟೇಪು ಹಿಡಿದು ಅಳೆಯಲು ಹೋಗಬೇಡಿ. ಅಂತರ ಅಳೆದು ವರದಿ ಕೊಡಿ ಎಂದು ಸೆಕ್ಷನ್ ಆಫೀಸರಿಗೇ ಬರೆಯಿರಿ.

ಬಾಕಿಯ ತಡೆಯೂ ಇದೆ. ಹಳೆಯ ಕಟ್ಟಡ ಕೊಳ್ಳುವ ಮುಂಚೆ ಅಲ್ಲಿನ ಎಲ್ಲ ಆರ್.ಆರ್. ನಂಬರುಗಳ (ಬಿಲ್ಲಿನ ಮೇಲಿರುವ ಸಂಪರ್ಕದ ಸಂಖ್ಯೆ) ಬಾಕಿ ತೀರಿದೆಯೇ ಎಂದು ಉಪವಿಭಾಗದಲ್ಲಿ ಬರೆಸಿಕೊಳ್ಳಿ. ಹಳೆಯ ಮಾಲೀಕನ ಬಾಕಿಯನ್ನು ಹೊಸ ಸಂಪರ್ಕ ಕೇಳುವವರಿಂದ ವಸೂಲಿ ಮಾಡುವ ಷರತ್ತು ನಿಯಮಾವಳಿಯಲ್ಲಿದ್ದರೆ ಅದು ಸಿಂಧು ಎಂದು ನೈನಾನ್ ತೀರ್ಪು ಹೇಳಿದೆ. ಹರಾಜಿನಲ್ಲಿ ಮುಚ್ಚಿದ ರೈಸ್ ಮಿಲ್ಲು ಹಿಡಿಯುವ ಗಂಗಾವತಿ ಕಾರಟಗಿ ಕಡೆಯವರು ಇದನ್ನು ಹರಾಜಿಗೆ ಮುಂಚೆಯೇ ನೋಡಿಕೊಳ್ಳುವುದು ಲೇಸು.

ಅರ್ಜಿ ಮತ್ತು ಹಿಂಬರಹ

ಅರ್ಜಿಯ ಜೊತೆ ಗುರುತಿನ ಚೀಟಿ, ಕ್ರಯಪತ್ರ ಅಥವಾ ಹಕ್ಕುಪತ್ರ, ಖಾತೆ ಉತಾರ, ತೆರಿಗೆ ರಸೀದಿ, ಕಟ್ಟಡ ಪರವಾನಗಿ ಮತ್ತು ನಕ್ಷೆ, ಒ.ಸಿ. ಅಥವಾ ವಿನಾಯಿತಿ ಆದೇಶ, ಲೈಸೆನ್ಸ್ ಇರುವ ವೈರಿಂಗ್ ಕಂಟ್ರಾಕ್ಟರ್ ಸಹಿ ಮಾಡಿದ ಕಾಮಗಾರಿ ಮತ್ತು ಪರೀಕ್ಷಾ ವರದಿ ಇರಬೇಕು. ಪಕ್ಕದ ಮನೆಯ ಆರ್.ಆರ್. ನಂಬರ್ ಬರೆದರೆ ಸ್ಥಳ ಹುಡುಕುವ ಕೆಲಸ ಬೇಗ ಆಗುತ್ತದೆ. ಲೋಡನ್ನು ಸುಮ್ಮನೆ ಬರೆಯಬೇಡಿ. ದೀಪ, ಫ್ಯಾನು, ಟಿ.ವಿ., ಫ್ರಿಜ್ ಸೇರಿ ಒಂದು ಕಿಲೋವ್ಯಾಟ್ ಆಸುಪಾಸು, 1 ಎಚ್.ಪಿ. ಬೋರ್ ಮೋಟರ್ 0.746, ಒಂದು ಎ.ಸಿ. ಸುಮಾರು ಒಂದೂವರೆ; ಬಳ್ಳಾರಿ ರಾಯಚೂರಿನ ಬೇಸಿಗೆಯಲ್ಲಿ ಎ.ಸಿ. ಆಮೇಲೆ ಬಂದೇ ಬರುತ್ತದೆ, ಅದನ್ನೂ ಈಗಲೇ ಸೇರಿಸಿ.

ಬಾಡಿಗೆದಾರರು ಬಾಡಿಗೆ ಕರಾರು, ಆಧಾರ್ ವಿಳಾಸ, ಗ್ಯಾಸ್ ಪುಸ್ತಕ, ಶಾಲೆಯ ದಾಖಲೆ ಇವುಗಳಲ್ಲಿ ಸಿಕ್ಕಷ್ಟನ್ನು ಅನುಭವದ ಸಾಕ್ಷಿಯಾಗಿ ಕೊಡಲಿ. ಮಾಲೀಕ ಒಪ್ಪದಿದ್ದರೆ ಜೆಸ್ಕಾಂ ಛಾಪಾ ಕಾಗದದ ಮೇಲೆ ನಷ್ಟಭರ್ತಿ ಮುಚ್ಚಳಿಕೆ ಕೇಳಬಹುದು. ಬರೆದುಕೊಡಿ, ಅದರಲ್ಲಿ 'ಈ ಸಂಪರ್ಕದಿಂದ ಸ್ವತ್ತಿನ ಮೇಲೆ ಯಾವ ಹಕ್ಕನ್ನೂ ಕೇಳುವುದಿಲ್ಲ' ಎಂಬ ಸಾಲು ಇರಲಿ. ಆ ಒಂದು ಸಾಲಿನಿಂದ ಅಧಿಕಾರಿಯ ಭಯವೂ ಮಾಲೀಕನ ತಕರಾರೂ ಅರ್ಧ ಕರಗುತ್ತವೆ.

ಅರ್ಜಿಯನ್ನೇ ತೆಗೆದುಕೊಳ್ಳದಿರುವುದು ಹಳೆಯ ಚಾಳಿ. ಆನ್‌ಲೈನ್‌ನಲ್ಲಿ ಹಾಕಿ ನೋಂದಣಿ ಸಂಖ್ಯೆ ಇಟ್ಟುಕೊಳ್ಳಿ, ಇಲ್ಲವೇ ಉಪವಿಭಾಗದ ಟಪಾಲು ವಿಭಾಗದಲ್ಲಿ ಕೊಟ್ಟು ನಿಮ್ಮ ಪ್ರತಿಯ ಮೇಲೆ ಸೀಲು ಮತ್ತು ದಿನಾಂಕ ಹಾಕಿಸಿ. ಅದಕ್ಕೂ ಒಪ್ಪದಿದ್ದರೆ ಸ್ವೀಕೃತಿ ಬರುವಂತೆ ಅಂಚೆಯಲ್ಲಿ ಕಳಿಸಿ. ಗಡುವು ಮುಗಿದ ಮರುದಿನ ಈ ಪತ್ರ ಕೊಡಿ:

'ಸಹಾಯಕ ಕಾರ್ಯನಿರ್ವಾಹಕ ಎಂಜಿನಿಯರ್ ಅವರಿಗೆ. ದಿನಾಂಕ ____ರ ನನ್ನ ಅರ್ಜಿ ಸಂಖ್ಯೆ ____ರಂತೆ ____ ವಿಳಾಸದ ಮನೆಗೆ 3 ಕಿ.ವ್ಯಾ. ಗೃಹಬಳಕೆಯ ಸಂಪರ್ಕ ಕೋರಿದ್ದೇನೆ. ನಿಗದಿತ ಅವಧಿ ಮುಗಿದರೂ ಸಂಪರ್ಕವೂ ಬಂದಿಲ್ಲ, ಕಾರಣವೂ ತಿಳಿದಿಲ್ಲ. ಅರ್ಜಿಯಲ್ಲಿ ಕೊರತೆ ಇದ್ದರೆ ಅದು ಯಾವುದು, ಯಾವ ನಿಯಮ ಅಥವಾ ಸುತ್ತೋಲೆಯ ಯಾವ ಕಂಡಿಕೆಯಡಿ ಎಂಬುದನ್ನು ನಮೂದಿಸಿ 7 ದಿನದೊಳಗೆ ಲಿಖಿತ ಹಿಂಬರಹ ನೀಡಬೇಕೆಂದು ಕೋರುತ್ತೇನೆ. ಕೊರತೆ ಸರಿಪಡಿಸಲು ಸಿದ್ಧನಿದ್ದೇನೆ. ವಿದ್ಯುತ್ ಕಾಯ್ದೆ 2003ರ ಸೆಕ್ಷನ್ 43ನ್ನು ಗಮನಿಸಬೇಕು.'

ಬಯ್ಗುಳ, ಬೆದರಿಕೆ, ಮಂತ್ರಿಗಳ ಹೆಸರು ಯಾವುದೂ ಬೇಡ. ನಾಳೆ ನ್ಯಾಯಾಧೀಶರು ಓದುವ ಪತ್ರ ಇದು. ಹಿಂಬರಹ ಬರದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಿ: 10 ರೂ. ಶುಲ್ಕ, ಒಂದೇ ವಿಷಯ, 150 ಪದದೊಳಗೆ. 'ಯಾಕೆ ಕೊಟ್ಟಿಲ್ಲ' ಎಂಬ ಪ್ರಶ್ನೆ ಹಾಕಿದರೆ ಅದು ಮಾಹಿತಿಯಲ್ಲ ಎಂದು ತಳ್ಳಿಬಿಡುತ್ತಾರೆ. 'ನನ್ನ ಅರ್ಜಿಯ ಕಡತದ ಟಿಪ್ಪಣಿ ಹಾಳೆಗಳ ಮತ್ತು ಸ್ಥಳ ಪರಿಶೀಲನಾ ವರದಿಯ ದೃಢೀಕೃತ ಪ್ರತಿ' ಎಂದು ಕೇಳಿ.

ಮೀಟರ್ ಬರುವವರೆಗೆ ಏನು ಮಾಡಬಾರದು

ತಾತ್ಕಾಲಿಕ ಸಂಪರ್ಕ ಕಟ್ಟಡ ಕಟ್ಟುವ ಕೆಲಸಕ್ಕಷ್ಟೇ. ಇದಕ್ಕೆ ಹಾಕುವ ಎಲ್‌ಟಿ-7 ವರ್ಗದ ದರ ದುಬಾರಿ, ಗೃಹಜ್ಯೋತಿ ಇದಕ್ಕೆ ಬರುವುದಿಲ್ಲ. ಗೃಹಪ್ರವೇಶ ಮುಗಿಸಿ ಅದೇ ಮೀಟರಿನಲ್ಲಿ ಸಂಸಾರ ಹೂಡಿದರೆ ಅವಧಿ ಮುಗಿದ ದಿನ ಕತ್ತಲೆ. ಅವಧಿ ಇರುವಾಗಲೇ ಕಾಯಂ ಸಂಪರ್ಕದ ಅರ್ಜಿ ಹಾಕಿ, ತಾತ್ಕಾಲಿಕದ ವಿಸ್ತರಣೆಯನ್ನೂ ಬರವಣಿಗೆಯಲ್ಲೇ ಕೇಳಿ.

ಇನ್ನು ಪಕ್ಕದ ಮನೆಯಿಂದ ವೈರ್ ಎಳೆದುಕೊಳ್ಳುವುದು. ಅಣ್ಣನ ಮೀಟರಿನಿಂದ ತಮ್ಮನ ಹೊಸ ಮನೆಗೆ ಎಳೆದರೂ, ಬಿಲ್ಲು ಪೈಸೆ ಬಿಡದೆ ಕಟ್ಟಿದರೂ, ಮಂಜೂರಾದ ಜಾಗ ಬಿಟ್ಟು ಬೇರೆ ಜಾಗಕ್ಕೆ ಬಳಸುವುದು ಸೆಕ್ಷನ್ 126ರ ಪ್ರಕಾರ ಅನಧಿಕೃತ ಬಳಕೆ. ಅಣ್ಣನ ಮೀಟರಿಗೂ ಕುತ್ತು. ಉಚಿತ ವಿದ್ಯುತ್ತಿನ ಪಂಪ್‌ಸೆಟ್ ಲೈನಿನಿಂದ ತೋಟದ ಮನೆಗೋ ಹೋಂಸ್ಟೇಗೋ ಎಳೆದರೆ ಇನ್ನೂ ಕಷ್ಟ.

ಬಳ್ಳಾರಿಯಲ್ಲಿ ಇದೇ ಸೆಕ್ಷನ್ ಬೇರೆ ರೂಪದಲ್ಲಿ ಬರುತ್ತದೆ. ಮನೆಯ ಮೇಲೊಂದು ಶೀಟಿನ ಮಹಡಿ ಹಾಕಿ, ಅರ್ಧ ಎಚ್.ಪಿ.ಯ ಆರು ಜೀನ್ಸ್ ಹೊಲಿಗೆ ಯಂತ್ರ ಇಟ್ಟರೆ ಅದೇ 2.2 ಕಿಲೋವ್ಯಾಟ್ ದಾಟುತ್ತದೆ. ಮಹಡಿಗೆ ಪರವಾನಗಿ ಇಲ್ಲದ್ದರಿಂದ ಬೇರೆ ಮೀಟರ್ ಸಿಗುವುದಿಲ್ಲ, ಗೃಹಬಳಕೆ ಮೀಟರಿನಲ್ಲೇ ಯಂತ್ರ ಓಡುತ್ತವೆ. ಜಾಗೃತ ದಳ ಬಂದು ಮಹಜರು ಬರೆಯುತ್ತದೆ. ಆ ಗಳಿಗೆಯಲ್ಲಿ ಮಾಡಬೇಕಾದ್ದು: ಮಹಜರು ಪೂರ್ತಿ ಓದಿಸಿಕೊಳ್ಳಿ, ಯಂತ್ರಗಳ ಎಣಿಕೆ ಮತ್ತು ಮೋಟರಿನ ಫಲಕದ ಅಂಕಿ ಸರಿ ಇದೆಯೇ ನೋಡಿ, ಒಪ್ಪದ ಅಂಶವಿದ್ದರೆ ಸಹಿಯ ಪಕ್ಕದಲ್ಲೇ ಬರೆಯಿರಿ, ಪ್ರತಿ ಕೇಳಿ ಪಡೆಯಿರಿ.

ನಂತರ ತಾತ್ಕಾಲಿಕ ನಿರ್ಧರಣಾ ಆದೇಶ ಬರುತ್ತದೆ. ಒಪ್ಪಿಗೆಯಾದರೆ 7 ದಿನದೊಳಗೆ ಕಟ್ಟಿ ಮುಗಿಸಬಹುದು, ಇಲ್ಲವಾದರೆ ಆಕ್ಷೇಪಣೆ ಸಲ್ಲಿಸಿ ವಿಚಾರಣೆ ಕೇಳಬೇಕು. ಅಂತಿಮ ಆದೇಶ 30 ದಿನದೊಳಗೆ ಆಗಬೇಕು. ದರ ಸಂಬಂಧಿಸಿದ ವರ್ಗದ ಎರಡು ಪಟ್ಟು. ಯಾವಾಗಿನಿಂದ ಬಳಕೆ ಎಂದು ಗೊತ್ತಾಗದಿದ್ದರೆ ಪರಿಶೀಲನೆಗೆ ಹಿಂದಿನ 12 ತಿಂಗಳು ಹಿಡಿಯುತ್ತಾರೆ. ದುಡ್ಡು ಉಳಿಯುವುದು ಇಲ್ಲಿ. ಲೆಕ್ಕಕ್ಕೆ ತಿಂಗಳಿಗೆ 300 ಯೂನಿಟ್, ದರ 7 ರೂ. ಎಂದಿಟ್ಟುಕೊಳ್ಳಿ: 12 ತಿಂಗಳಿಗೆ 3600 ಯೂನಿಟ್, 14 ರೂಪಾಯಿಯಂತೆ 50,400 ರೂ. ಯಂತ್ರ ಕೊಂಡ ಬಿಲ್ಲು ನಾಲ್ಕೇ ತಿಂಗಳ ಹಿಂದಿನದು ಎಂದು ತೋರಿಸಿದರೆ ಅದೇ ಲೆಕ್ಕ 16,800ಕ್ಕೆ ಇಳಿಯುತ್ತದೆ. ಜಿ.ಎಸ್.ಟಿ. ಬಿಲ್ಲು, ಬಾಡಿಗೆ ಕರಾರಿನ ದಿನಾಂಕ, ಮೀಟರ್ ರೀಡಿಂಗ್ ಏರಿದ ತಿಂಗಳು, ಇವೇ ಸಾಕ್ಷಿ. ಆ ಅವಧಿಯಲ್ಲಿ ಆಗಲೇ ಕಟ್ಟಿದ ಬಿಲ್ಲಿನ ಮೊತ್ತ ಕಳೆದಿದ್ದಾರೆಯೇ ಎಂದೂ ನೋಡಿ.

ಅಂತಿಮ ಆದೇಶದ ಮೇಲೆ 30 ದಿನದೊಳಗೆ ಸೆಕ್ಷನ್ 127ರ ಮೇಲ್ಮನವಿ, ಅದಕ್ಕೆ ಅರ್ಧ ಮೊತ್ತ ಠೇವಣಿ. ಕಟ್ಟದೆ ಬಿಟ್ಟರೆ ವರ್ಷಕ್ಕೆ ಶೇ. 16 ಬಡ್ಡಿ, ಆರು ತಿಂಗಳಿಗೊಮ್ಮೆ ಚಕ್ರಬಡ್ಡಿ. ಸಿವಿಲ್ ಕೋರ್ಟಿಗೆ ಇದರಲ್ಲಿ ಅಧಿಕಾರವಿಲ್ಲ, ಸೆಕ್ಷನ್ 145 ಅಡ್ಡ ಬರುತ್ತದೆ. ಗ್ರಾಹಕರ ಆಯೋಗಕ್ಕೂ ಹೋಗಲಾಗದು. 2013ರ ಅನೀಸ್ ಅಹ್ಮದ್ ತೀರ್ಪು ಆ ಬಾಗಿಲು ಮುಚ್ಚಿದೆ.

ಕಂಬಕ್ಕೆ ಕೊಕ್ಕೆ ಹಾಕಿದರೆ ಅದು ಸೆಕ್ಷನ್ 135ರ ಕಳ್ಳತನ: ಮೂರು ವರ್ಷದವರೆಗೆ ಜೈಲು ಅಥವಾ ದಂಡ ಅಥವಾ ಎರಡೂ. ಲೋಡು 10 ಕಿಲೋವ್ಯಾಟ್ ಮೀರದಿದ್ದರೆ ಮೊದಲ ಸಲದ ದಂಡ ಕದ್ದು ಉಳಿಸಿದ ಮೊತ್ತದ ಮೂರು ಪಟ್ಟಿಗೆ ಕಡಿಮೆ ಇರುವುದಿಲ್ಲ. ರಾಜಿ ಶುಲ್ಕ ಕಟ್ಟಿ ಮುಗಿಸಿಕೊಳ್ಳುವ ಅವಕಾಶ ಒಬ್ಬರಿಗೆ ಒಂದೇ ಸಲ. ಇದಕ್ಕಿಂತ ದೊಡ್ಡ ನಷ್ಟ ಬೇರೆ ಇದೆ. ಕೊಕ್ಕೆಯ ಕೇಸು ದಾಖಲಾದವರು ಸಂಪರ್ಕ ಕೇಳಿ ಹೈಕೋರ್ಟಿಗೆ ಹೋದಾಗ ಜೆಸ್ಕಾಂ ವಕೀಲರು ಮೊದಲು ಓದುವುದು ಆ ಎಫ್.ಐ.ಆರ್. ಅನ್ನೇ.

ಯಾವ ವೇದಿಕೆ

ಹಿಂಬರಹ ಸಿಕ್ಕ ಮೇಲೆ, ಅಥವಾ ಕೊಡದೆ ಸತಾಯಿಸಿದ ಮೇಲೆ, ಕಾರ್ಯನಿರ್ವಾಹಕ ಎಂಜಿನಿಯರಿಗೆ ಒಂದು ಮನವಿ ಕೊಟ್ಟು ನಿಮ್ಮ ಜಿಲ್ಲೆಯ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆಗೆ ಹೋಗಿ. ಸೆಕ್ಷನ್ 42(5)ರ ವೇದಿಕೆ ಇದು. ನಮೂನೆ ಎ ತುಂಬಿ ದಾಖಲೆಗಳ ಪ್ರತಿ ಹಚ್ಚಿದರೆ ಸಾಕು, ವಕೀಲರು ಬೇಕೇ ಬೇಕು ಅಂತೇನಿಲ್ಲ. ಆದೇಶ ಸರಿ ಕಾಣದಿದ್ದರೆ 30 ದಿನದೊಳಗೆ ಅದರ ಮೇಲಿನ ದೂರು ಕೇಳುವ ಬೆಂಗಳೂರಿನ ವಿದ್ಯುತ್ ಓಂಬುಡ್ಸ್‌ಮನ್‌ಗೆ. ಸೆಕ್ಷನ್ 126, 127 ಮತ್ತು 135ರ ಕಳ್ಳತನದ ವಿಷಯಗಳನ್ನು ಈ ವೇದಿಕೆ ಮುಟ್ಟುವುದಿಲ್ಲ.

ಈ ವೇದಿಕೆಯಲ್ಲಿ ಗೆಲ್ಲುವುದು ಜೆಸ್ಕಾಂ ತನ್ನ ನಿಯಮವನ್ನೇ ತಪ್ಪಾಗಿ ಓದಿದ ಪ್ರಕರಣಗಳು: ವಿನಾಯಿತಿ ಇರುವ ಸಣ್ಣ ಮನೆಗೆ ಒ.ಸಿ. ಕೇಳಿದ್ದು, ಬಾಡಿಗೆದಾರನಿಗೆ ಮಾಲೀಕನ ಪತ್ರ ಬೇಕೇಬೇಕು ಎಂದದ್ದು, ಆ ಕಟ್ಟಡಕ್ಕೆ ಸಂಬಂಧವೇ ಇಲ್ಲದ ಬೇರೆ ಯಾರದೋ ಬಾಕಿಯನ್ನು ತಲೆಗೆ ಕಟ್ಟಿದ್ದು. ಸುತ್ತೋಲೆಯೇ ತಪ್ಪು ಎಂಬ ವಾದವಿದ್ದರೆ ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ಹೋಗಬೇಕು. ಬಳ್ಳಾರಿ, ಕೊಪ್ಪಳದವರು ಧಾರವಾಡ ಪೀಠಕ್ಕೆ, ರಾಯಚೂರಿನವರು ಕಲಬುರಗಿ ಪೀಠಕ್ಕೆ. ಜೆಸ್ಕಾಂ ಕೇಂದ್ರ ಕಚೇರಿ ಕಲಬುರಗಿಯಲ್ಲಿದೆ ಎಂದು ಕೊಪ್ಪಳದವರು ಅಲ್ಲಿಗೇ ಬಸ್ಸು ಹತ್ತುವುದು ಬೇಡ.

ಹೈಕೋರ್ಟಿಗೆ ಹಾಕುವ ಈ ರಿಟ್ ಅರ್ಜಿಯಲ್ಲಿ ಸಾಮಾನ್ಯವಾಗಿ ಬರುವ ಆದೇಶ 'ಮನವಿಯನ್ನು ಇಂತಿಷ್ಟು ವಾರದಲ್ಲಿ ಕಾನೂನಿನಂತೆ ಪರಿಗಣಿಸಿ' ಎಂಬುದು. ಅಂದರೆ ಕಡತ ಮತ್ತೆ ಅದೇ ಎಂಜಿನಿಯರ ಮೇಜಿಗೆ ಬರುತ್ತದೆ. ಆದ್ದರಿಂದ ಮೊದಲ ಮನವಿಯಲ್ಲೇ ತೀರ್ಪು, ಆದೇಶ ಸಂಖ್ಯೆ, ದಾಖಲೆಗಳನ್ನೆಲ್ಲ ಜೋಡಿಸಿರಬೇಕು; ಪರಿಗಣಿಸಲು ಅವರ ಮುಂದೆ ಏನಾದರೂ ಇರಬೇಕಲ್ಲ. ಸ್ಥಳೀಯ ಸಂಸ್ಥೆ ಒ.ಸಿ. ಕೊಡದೆ ಸತಾಯಿಸುತ್ತಿದ್ದರೆ ಅದನ್ನೂ ರಿಟ್‌ನಲ್ಲಿ ಪ್ರತಿವಾದಿ ಮಾಡಿ, ಒ.ಸಿ. ಅರ್ಜಿಯ ಸ್ವೀಕೃತಿ ಹಚ್ಚಿ. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ.

ಇದ್ದ ಕರೆಂಟ್ ಕಿತ್ತರೆ

ಹೊಸದಾಗಿ ಕೊಡದಿರುವುದು ಬೇರೆ, ಇದ್ದದ್ದನ್ನು ಕೀಳುವುದು ಬೇರೆ. ಸೆಕ್ಷನ್ 56ರಡಿ ಸಂಪರ್ಕ ಕಡಿತಗೊಳಿಸುವುದು ಬಾಕಿಗಾಗಿ ಮಾತ್ರ, ಅದೂ 15 ಪೂರ್ಣ ದಿನಗಳ ಲಿಖಿತ ನೋಟಿಸ್ ಕೊಟ್ಟು. ಕಟ್ಟಡ ಅನಧಿಕೃತ ಎಂಬ ಕಾರಣಕ್ಕೆ ಆ ಸೆಕ್ಷನ್ ಬಳಸಲಾಗದು. ಲೈನ್‌ಮನ್ ಬಂದರೆ ಅವರೊಡನೆ ಜಗಳ ಆಡಬೇಡಿ, ಅವರು ಆದೇಶ ಪಾಲಿಸುವವರು. ಯಾರ ಆದೇಶ, ಸಂಖ್ಯೆ ಏನು, ದಿನಾಂಕ ಯಾವುದು ಎಂದು ಬರೆದುಕೊಳ್ಳಿ. ಪಾಲಿಕೆಯ ಪತ್ರದ ಮೇಲೆ ಕತ್ತರಿಸಲು ಬಂದಿದ್ದರೆ ಅದು ತೆರವಿನ ಮುನ್ಸೂಚನೆ. ಕಟ್ಟಡದ ನೋಟಿಸಿನ ಮೇಲೆ ಕೂಡಲೇ ಉತ್ತರ ಕೊಡಬೇಕು. ತೆರವಿಗೆ ಮುಂಚೆ 15 ದಿನದ ನೋಟಿಸ್ ಬೇಕು ಎಂದು 2024ರ ನವೆಂಬರ್ 13ರಂದು ಸುಪ್ರೀಂ ಕೋರ್ಟ್ ಹೇಳಿದೆ. ರಸ್ತೆ, ಫುಟ್‌ಪಾತ್, ಕೆರೆ ಕಾಲುವೆಯಂಥ ಸಾರ್ವಜನಿಕ ಜಾಗದ ಒತ್ತುವರಿಗೆ ಆ ರಕ್ಷಣೆ ಇಲ್ಲ.

ಪಕ್ಕದವರ ತಕರಾರು

ಪಕ್ಕದ ಮನೆಯವರೋ ದಾಯಾದಿಗಳೋ ಒಂದು ತಕರಾರು ಅರ್ಜಿ ಕೊಟ್ಟರೆ ಸೆಕ್ಷನ್ ಆಫೀಸು ಕಡತವನ್ನು ಕಪಾಟಿಗೆ ಹಾಕುತ್ತದೆ. ತಕರಾರು ಅರ್ಜಿ ತಡೆಯಾಜ್ಞೆ ಅಲ್ಲ. 'ಸಕ್ಷಮ ನ್ಯಾಯಾಲಯದ ತಡೆಯಾಜ್ಞೆ ಇದೆಯೇ? ಇದ್ದರೆ ದಾವೆ ಸಂಖ್ಯೆ ತಿಳಿಸಿ' ಎಂದು ಬರೆದು ಕೇಳಿ. ಅವರು ಕೋರ್ಟಿಗೆ ಹೋಗುವ ಲಕ್ಷಣ ಕಂಡರೆ ಸಿವಿಲ್ ಕೋರ್ಟಿನಲ್ಲಿ ಕೇವಿಯಟ್ ಹಾಕಿ. ನಿಮ್ಮ ಮಾತು ಕೇಳದೆ ಏಕಪಕ್ಷೀಯ ಆದೇಶ ಆಗದಂತೆ ಅದು ನೋಡಿಕೊಳ್ಳುತ್ತದೆ. 90 ದಿನಕ್ಕೆ ಅದರ ಅವಧಿ ಮುಗಿಯುತ್ತದೆ, ಆಮೇಲೆ ಹೊಸದಾಗಿ ಹಾಕಬೇಕು. ಕಂಬ ಅಥವಾ ತಂತಿ ಅವರ ಜಾಗದ ಮೇಲೆ ಹಾಯಲೇಬೇಕಿದ್ದು, ಅವರು ಒಪ್ಪದಿದ್ದರೆ, ಜಿಲ್ಲಾಧಿಕಾರಿಯ ಅನುಮತಿ ಕೇಳುವ ದಾರಿ 2006ರ ಲೈಸೆನ್ಸಿಗಳ ಕಾಮಗಾರಿ ನಿಯಮಗಳಲ್ಲಿದೆ. ಅರ್ಜಿ ಹಾಕಬೇಕಾದ್ದು ಜೆಸ್ಕಾಂ, ನೀವಲ್ಲ. ಹಾಕಿ ಎಂದು ನೀವು ಬರೆದು ಕೇಳಬೇಕು.

ತಕರಾರು ನಿಮ್ಮದೇ ಆಗಿದ್ದರೆ, ಎಂದರೆ ಪಕ್ಕದ ಅನಧಿಕೃತ ಕಟ್ಟಡಕ್ಕೆ ಸಂಪರ್ಕ ಕೊಡಬಾರದು ಎಂಬುದು ನಿಮ್ಮ ವಾದವಾದರೆ, ಜೆಸ್ಕಾಂಗಿಂತ ಮೊದಲು ಸ್ಥಳೀಯ ಸಂಸ್ಥೆಗೆ ಹೋಗಿ. ಆ ಕಟ್ಟಡದ ಪರವಾನಗಿ ಮತ್ತು ಮಂಜೂರಾದ ನಕ್ಷೆಯ ಪ್ರತಿಯನ್ನು ಮಾಹಿತಿ ಹಕ್ಕಿನಲ್ಲಿ ಪಡೆದು, ಉಲ್ಲಂಘನೆಯನ್ನು ಅಡಿ ಇಂಚಿನಲ್ಲಿ ತೋರಿಸಿ ದೂರು ಕೊಡಿ. ಪಾಲಿಕೆ ವ್ಯಾಪ್ತಿಯಾದರೆ ಮುನಿಸಿಪಲ್ ಕಾರ್ಪೊರೇಷನ್ ಕಾಯ್ದೆಯ ಸೆಕ್ಷನ್ 321ರಡಿ ಆದೇಶ ಮಾಡಿಸಿ, ಅದರ ಪ್ರತಿಯನ್ನು 2024ರ ತೀರ್ಪಿನೊಂದಿಗೆ ಸಹಾಯಕ ಕಾರ್ಯನಿರ್ವಾಹಕ ಎಂಜಿನಿಯರಿಗೆ ಮುದ್ದಾಂ ಕೊಟ್ಟು ಸೀಲು ಹಾಕಿಸಿಕೊಳ್ಳಿ. ಗಾಳಿ ಬೆಳಕು ಬರುತ್ತಿಲ್ಲ, ಹಳೆಯ ದ್ವೇಷ ಸಾಧಿಸುತ್ತಿದ್ದಾರೆ ಎಂಬಂಥ ಮಾತು ತುಂಬಿದ ದೂರನ್ನು ಎರಡೂ ಕಚೇರಿಗಳು 'ಸಿವಿಲ್ ವ್ಯಾಜ್ಯ' ಎಂಬ ಒಂದೇ ಹಿಂಬರಹದಲ್ಲಿ ಮುಗಿಸಿಬಿಡುತ್ತವೆ.